ಷರಾ

ಕಲ್ಲು ಹಿತ್ತಲಲ್ಲಿತ್ತು, ಬಚ್ಚಲ ತೂಬಿನ ಪಕ್ಕ.
ಫಕೀರವ್ವ ಅರಿವೆ ಒಗೆಯುವ ಕಲ್ಲು.
ಹಾನಗಲ್ಲಿನಿಂದ ಟಂಟಂ ಹಿಡಿದು ಬಂದಿದ್ದೆ,
ಬಗಲಲ್ಲಿ ಕಾಗದದ ಸುರುಳಿ, ಬ್ರಶ್ಶು, ಮಸಿಯ ಡಬ್ಬಿ.
"ಇದನ್ನ ಬರಕೊಳ್ಳಾಕ ಧಾರವಾಡದಿಂದ ಬಂದ್ಯಾ?
ತಡಿ, ಈ ಎರಡು ಚಾದರ ಹಿಂಡತೇನಿ.
ಗೊಂಬಿ ಕೆಳಗ ಅದಾವು."

ನಾಲ್ಕು ಮಂದಿ ಸೇರಿ ಮಗುಚಿದೆವು.
ಎರೆಹುಳ, ಸೋಪಿನ ಕೆಸರು, ಕಳೆದುಹೋದ ಒಂದು ಗುಂಡಿ,
ಅದರ ಕೆಳಗೆ ಕುದುರೆ, ಬಿಲ್ಲು, ಕೊಂಬೆತ್ತಿದ ಆಕಳು.
ನಡುವಿನ ಪಟ್ಟಿಯಲ್ಲಿ ಅವನು
ಇಬ್ಬರು ಅಪ್ಸರೆಯರ ತೋಳು ಹಿಡಿದು ಮೇಲೇರುತ್ತಿದ್ದಾನೆ.
ತುದಿಗೆ ಲಿಂಗ, ಪೂಜಾರಿ.
ಐದು ಸಾಲು ಬರಹ.

ಒದ್ದೆ ಕಾಗದ ಹಾಸಿ ಬಡಿಯಬೇಕು,
ಅಕ್ಷರದ ಕುಣಿಗೆ ಅದು ಇಳಿಯುವ ತನಕ.
ಆಮೇಲೆ ಮಸಿ.
ಮಸಿ ತಾಗದೆ ಉಳಿದದ್ದೇ ಅಕ್ಷರ.
ಇಪ್ಪತ್ತು ವರ್ಷದ ಕೆಲಸ, ಇದೊಂದು ಇನ್ನೂ ಬೆರಗು.

ತುರುಗೋಳ್. ಪೆಣ್ಬುಯ್ಯಲ್.
ಊರ ಮೇಲೆ ಬಿದ್ದರು, ದನ ಹೊಡೆದರು, ಹೆಣ್ಣುಗಳನ್ನು ಒಯ್ದರು.
ಇವನು ಕಾದಿದ, ತುರುವಂ ಮಗುಳ್ಚಿ ಸತ್ತ.
ಇವನ ಹೆಸರಿದೆ, ಇವನಪ್ಪನ ಹೆಸರಿದೆ,
ಕಲ್ಲು ನಿಲಿಸಿದ ತಮ್ಮನದಿದೆ,
ಕೆತ್ತಿದ ಓಜನದೂ ಅರ್ಧ ಇದೆ.
ದನ ತಿರುಗಿ ಬಂದವಂತೆ.
ಹೆಂಗಸರು?

ಕೊನೆಯ ಸಾಲಿನ ತುದಿಗೆ ಚಕ್ಕೆ ಎದ್ದಿದೆ,
ಆರೇಳು ಅಕ್ಷರದ ಜಾಗ.
ಅಲ್ಲಿದ್ದಾರು ಎಂದು ಮೊದಮೊದಲು ನಂಬುತ್ತಿದ್ದೆ.
ಈಗ ಗೊತ್ತು,
ಅಲ್ಲಿದ್ದದ್ದು ಮಂಗಳ ಮಹಾಶ್ರೀ.

ಚಹಾ ತಂದು "ಏನ್ ಬರದಾರ, ಓದು" ಅಂದಳು.
ಪೆಣ್ಬುಯ್ಯಲಿಗೆ ನಮ್ಮ ಕಚೇರಿಯ ಅರ್ಥ:
ಸ್ತ್ರೀಯರ ಸೆರೆಯ ಸಂಬಂಧ ನಡೆದ ಕಾಳಗ.
ಅವಳೆದುರು ಅದು ಬಾಯಿಗೆ ಬರಲಿಲ್ಲ. ಬಿಡಿಸಿದೆ:
ಪೆಣ್ ಅಂದ್ರ ಹೆಣ್ಣು. ಪುಯ್ಯಲ್ ಅಂದ್ರ ಹುಯಿಲು, ಬೊಬ್ಬೆ.
"ಹಂಗಾರ ಒದರಿದ್ದು ಬರದಾರಲ್ಲ," ಅಂದಳು,
"ಒದರಿದಾಕಿ ಯಾರು ಅನ್ನೂದಷ್ಟ ಬಿಟ್ಟಾರ."

ಬಸಿ ಕೆಳಗಿಟ್ಟಳು.

"ನಮ್ಮನಿಯವರು ಎಂಬತ್ತೇಳರಾಗ ಲಂಕಾಕ್ಕ ಹೋದ್ರು.
ತಿರುಗಿ ಬಂದ್ರು, ಕೈಕಾಲು ನೆಟ್ಟಗ.
ಬಸ್‌ಸ್ಟ್ಯಾಂಡಿನಿಂದ ಮನೀತನಕ ಬ್ಯಾಂಡು.
ರಾತ್ರಿ ಏಳೋರು. ಬ್ಯಾಟ್ರಿ ಹಿಡಕೊಂಡು ಕದದ ಹಿಂದ ಕೂಡೋರು.
ಏನರೆ ಸಪ್ಪಳಾತಂದ್ರ ಮುಗದ ಹೋತು.
ಬಳಿಗೆ ಅರಿವಿ ಸುತ್ತಕೊಂಡು ಮಲಗತಿದ್ದೆ ನಾ.
ಹನ್ನೊಂದು ವರ್ಷ.

ಸತ್ತವರಿಗೆ ಕಲ್ಲು ನಿಲ್ಲಸ್ತಾರ. ಬಂದವರಿಗೆ ನಾವು.

ಪೇಪರಿನಾಂವ ಬಂದಿದ್ದ ಒಮ್ಮೆ.
ಪದಕ ಹಿಡಕೊಂಡು ಅಂಗಳದಾಗ ನಿಂದ್ರು ಅಂದ.
ಬಿಸಲು ಮಾರಿಗೇ ಬಡೀತಿತ್ತು, ಕಣ್ಣಾಗ ನೀರು.
ಹೆಮ್ಮೆಯ ಕಂಬನಿ ಅಂತ ಬರದ."
ಸೆರಗು ಬಾಯಿಗಿಟ್ಟು ನಕ್ಕಳು, ಬಹಳ ಹೊತ್ತು ನಕ್ಕಳು,
ಪಕ್ಕದ ಹಿತ್ತಲಿಂದ ಯಾರೋ ಇಣುಕಿದರು.

"ನೀ ಏನ ಬರೀತಿ?"

ನಮೂನೆಯಲ್ಲಿ ಒಂಬತ್ತು ಕಲಮು.
ಎತ್ತರ, ಅಗಲ, ಲಿಪಿ, ಕಾಲ, ಸ್ಥಿತಿ, ಕಲ್ಲಿನ ಒಡೆಯರು:
ಅಲ್ಲಿ ತೀರಿಹೋದ ಗಂಡನ ಹೆಸರು, ಉತಾರದಲ್ಲಿದ್ದಂತೆ.
ಕೊನೆಯದು ಷರಾ, ಒಂದೂವರೆ ಇಂಚು.
'ಒಗೆಯಲು ಬಳಕೆಯಲ್ಲಿದೆ' ಎಂದು ಬರೆದೆ.
ಉಳಿದದ್ದು ಹಿಡಿಸಲಿಲ್ಲ.

"ಎಲ್ಲೆರೆ ಬರದ್ರ ಹೆಸರು ಬ್ಯಾರೆ ಹಾಕು," ಅಂದಳು,
"ಮೊಮ್ಮಗಳ ಮಾತುಕತಿ ನಡದೈತಿ."
ಹಾಕಿದ್ದೇನೆ.
ಹಿಂದಿನವರೂ ಹೀಗೇ ಯಾರದೋ ಮಾತು ಕೇಳಿ ಬಿಟ್ಟಿದ್ದರೋ ಏನೋ,
ಒಳ್ಳೆಯದಕ್ಕೇ.

ಕಲ್ಲು ಮತ್ತೆ ಬೋರಲಾಯಿತು.
ಎರಡು ಚಾದರಗಳ ನಡುವೆ, ತಂತಿಯ ಮೇಲೆ,
ಕಪ್ಪು ಕಾಗದ ಒಣಗುತ್ತಿತ್ತು.
ಗಾಳಿ ಬೀಸಿ ಮಸಿ ತಗುಲಿತು, ಬಿಳಿ ಚಾದರದ ಅಂಚಿಗೆ,
ಕೈ ಅಗಲದಷ್ಟು.
ನಾನು ನಾಲಗೆ ಕಚ್ಚಿಕೊಂಡೆ.
ಅವಳು ಎಳೆದುಕೊಂಡು ಕಲ್ಲಿನ ಮೇಲೆ ಒಗೆದಳು:
"ಸೋಪು ಇತ್ತಾಗ ಕೊಡು.
ಹೋಗತೈತೋ ಇಲ್ಲೋ ನೋಡೂಣು."